ಮಗಳು ಬಿಟ್ಟ ಪಿಸ್ತೂಲು ಕ್ಲಾಸು, ನನ್ನ ಮೊಣಕೈ

ಕಟ್ಟಿದ ಫೀಸು ವಾಪಸ್ ಕೊಡುವುದಿಲ್ಲ ಅಂತ ರಸೀತಿಯ ಹಿಂಬದಿ ಸಣ್ಣಕ್ಷರದಲ್ಲಿ ಅಚ್ಚಾಗಿತ್ತು. ಓದಲಿಲ್ಲ, ನನ್ನದೇ ತಪ್ಪು. 2024ರ ಜುಲೈನಲ್ಲಿ ಮನು ಭಾಕರ್ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ ಎರಡು ಕಂಚು ಗೆದ್ದಾಗ ಊರಿನ ಅರ್ಧ ಹೆಣ್ಣುಮಕ್ಕಳಿಗೆ ಪಿಸ್ತೂಲಿನ ಹುಚ್ಚು ಹಿಡಿಯಿತಲ್ಲ, ನನ್ನ ಮಗಳೂ ಅದರಲ್ಲಿ ಒಬ್ಬಳು. ಆಮೇಲೆ ವರ್ಷಗಟ್ಟಲೆ ಪೀಡಿಸಿ, ಪಿಯುಸಿ ಮುಗಿದ ರಜೆಯಲ್ಲಿ ಸೇರಿಕೊಂಡಳು. ಮೂರು ತಿಂಗಳಿಗೆ 13,500 ರೂಪಾಯಿ. ಒಂಬತ್ತು ದಿನ ಹೋದಳು. ಹತ್ತನೇ ದಿನ ಬೆಂಗಳೂರಿನ ಕಾಲೇಜಿನಲ್ಲಿ ಸೀಟು ಸಿಕ್ಕಿತು, ಹಾಸ್ಟೆಲಿಗೆ ಹೊರಟಳು. ದುಡ್ಡು ಕೇಳಿದೆ, ಕೊಡಲಿಲ್ಲ. "ಬೇಕಾದ್ರೆ ನೀವೇ ಬನ್ನಿ ಆಂಟಿ" ಅಂದ ಕೌಂಟರಿನ ಹುಡುಗ. ತಮಾಷೆಗೆ ಅಂದಿದ್ದು. ನಾನು ಮರುದಿನವೇ ಹೋದೆ.

ನಾನು ಹೈಸ್ಕೂಲು ಗಣಿತದ ಟೀಚರ್, ವಯಸ್ಸು 49. ಆ ಶೂಟಿಂಗ್ ರೇಂಜ್ ಇರುವುದು ಮೈಸೂರಿನಲ್ಲಿ, ನಮ್ಮನೆಯಿಂದ ಸ್ಕೂಟರಿನಲ್ಲಿ ಹನ್ನೆರಡು ನಿಮಿಷ. ಮುಂದೆ ಬೈಯುವುದೂ ಇದೆಯಾದ್ದರಿಂದ ಹೆಸರು ಹಾಕುವುದಿಲ್ಲ. ಆರು ಲೇನ್. ಎರಡಕ್ಕೆ ಎಲೆಕ್ಟ್ರಾನಿಕ್ ಟಾರ್ಗೆಟ್, ಉಳಿದ ನಾಲ್ಕಕ್ಕೆ ಹಗ್ಗ ರಾಟೆಯಲ್ಲಿ ಓಡಾಡುವ ಕಾಗದದ ಕಾರ್ಡು. ಹತ್ತು ಮೀಟರ್ ಏರ್ ಪಿಸ್ತೂಲ್ ಮಾತ್ರ ಕಲಿಸುತ್ತಾರೆ. ಒಂದೇ ಕೈಯಲ್ಲಿ ಹಿಡಿದು ಹೊಡೆಯುವ ಆಟ.

ಹೊರಗಿನಿಂದ ನೋಡುವವರಿಗೆ ಇದು ಕಣ್ಣಿನ ಆಟ ಅನ್ನಿಸುತ್ತದೆ. ಮೂರು ತಿಂಗಳು ನಾನು ಹೆಣಗಾಡಿದ್ದು ಮೊಣಕೈ ಜೊತೆ.

ಮೊದಲ ಮೂರು ವಾರ ನನಗೆ ಕಲಿಸಿದವನು ಕಿರಿಯ ಕೋಚ್, ಇಪ್ಪತ್ತಮೂರು ಇಪ್ಪತ್ತನಾಲ್ಕರ ಹುಡುಗ. ಅವನ ಬಾಯಲ್ಲಿ ಇದ್ದದ್ದು ಒಂದೇ ಮಂತ್ರ: "ಎಲ್ಬೋ ಲಾಕ್ ಮಾಡಿ ಆಂಟಿ." ಮಾಡಿದೆ. ನನ್ನ ಕೈಯ ಸಮಸ್ಯೆ ಏನೆಂದರೆ, ಚಾಚಿದಾಗ ಮೊಣಕೈ ನೇರಕ್ಕೆ ನಿಲ್ಲುವುದಿಲ್ಲ, ಅದನ್ನೂ ದಾಟಿ ಕೆಳಕ್ಕೆ ಬಾಗಿ ದೋಣಿಯ ಹಾಗೆ ಆಗುತ್ತದೆ. ಚಿಕ್ಕವಳಿದ್ದಾಗ ಬಳೆ ತೊಡಿಸುವವರು ನೋಡಿ ನಗುತ್ತಿದ್ದರು. ಕೀಲನ್ನು ಕೊನೆಯವರೆಗೆ ತಳ್ಳಿ, ಸುಮಾರು ಒಂದು ಕಿಲೋ ತೂಕದ ಪಿಸ್ತೂಲನ್ನು ಅದರ ತುದಿಗೆ ತೂಗಿಬಿಟ್ಟರೆ ಏನಾಗಬೇಕೋ ಅದೇ ಆಯಿತು. ಹದಿನೆಂಟನೇ ದಿನ ಕಪ್ಪುಹಲಗೆ ಒರೆಸಲು ಕೈ ಎತ್ತಿದಾಗ ಮೊಣಕೈ ಒಳಗೆ ಸೂಜಿ ಚುಚ್ಚಿದ ಹಾಗಾಯಿತು. ಹುಡುಗನಿಗೆ ಹೇಳಿದೆ. ಮೊಬೈಲಿನಿಂದ ತಲೆ ಎತ್ತದೆ "ಅಭ್ಯಾಸ ಆಗುತ್ತೆ" ಅಂದ. ಅಲ್ಲಿಗೇ ಬಿಡುವವಳಿದ್ದೆ. 13,500 ನೆನಪಾಯಿತು.

ಹಿರಿಯ ಕೋಚ್ ಬರುವುದು ಮಂಗಳವಾರ, ಗುರುವಾರ, ಶನಿವಾರ ಸಂಜೆ ಮಾತ್ರ. ಕೊಡಗಿನವರು, ಸೇನೆಯಲ್ಲಿದ್ದು ನಿವೃತ್ತರಾದವರು. ನನ್ನ ಬ್ಯಾಚು ಸೋಮ, ಬುಧ, ಶುಕ್ರ. ಹೀಗೊಬ್ಬರು ಇದ್ದಾರೆ ಅಂತ ಸೇರುವಾಗ ಯಾರೂ ಹೇಳಲಿಲ್ಲ. ಒಂದು ಶನಿವಾರ ಬಿಟ್ಟುಬಂದಿದ್ದ ಛತ್ರಿ ತರಲು ಹೋದಾಗ ಕಣ್ಣಿಗೆ ಬಿದ್ದರು. ಹಟ ಹಿಡಿದು ಬ್ಯಾಚು ಬದಲಿಸಿಕೊಂಡೆ.

ಅವರು ಮೊದಲ ದಿನ ನನ್ನ ಟಾರ್ಗೆಟ್ ಕಡೆ ನೋಡಲೇ ಇಲ್ಲ. ಹಿಂದೆ ನಿಂತು ಭುಜ, ಪಕ್ಕಕ್ಕೆ ಬಂದು ಮೊಣಕೈ, ಆಮೇಲೆ ಪಾದ ನೋಡಿದರು. ನಾನು ಕೈ ಚಾಚಿದಾಗ ಮಣಿಕಟ್ಟಿನ ಮೇಲೆ ಎರಡು ಬೆರಳಿಟ್ಟು ಮೆಲ್ಲಗೆ ಒತ್ತಿದರು. ಇಡೀ ತೋಳು ಭುಜದಿಂದ ಇಳಿಯಬೇಕಿತ್ತು, ಇಳಿದದ್ದು ಮೊಣಕೈಯಿಂದ ಮುಂದಿನದು ಮಾತ್ರ. "ಟೀಚರ್, ಲಾಕ್ ಅಂದ್ರೆ ಬೀಗ ಜಡಿಯೋದಲ್ಲ. ಬಾಗಿಲು ಅಲ್ಲಾಡದ ಹಾಗೆ ಹಿಡಿದುಕೊಳ್ಳೋದು" ಅಂದರು. ಮೊದಲು ಪೂರ್ತಿ ಚಾಚು, ಆಮೇಲೆ ಕೂದಲೆಳೆಯಷ್ಟು ವಾಪಸ್ ಬಾ, ಅಲ್ಲಿ ರಟ್ಟೆಯ ಹಿಂಬದಿಯ ಸ್ನಾಯು ಹಿಡಿದುಕೊಳ್ಳಲಿ, ಕೀಲಿನ ಮೇಲೆ ಭಾರ ಹಾಕಬೇಡ. ಇನ್ನೊಂದು, ನನ್ನ ಮೊಣಕೈಯ ಒಳಮಡಿಕೆ ಆಕಾಶ ನೋಡುತ್ತಿತ್ತು. ಮೇಲ್ತೋಳನ್ನು ತುಸು ತಿರುಗಿಸಿ ಆ ಮಡಿಕೆ ಎಡಕ್ಕೆ ವಾಲುವಂತೆ ಮಾಡಿಸಿದರು. ಕೈ ದೋಣಿಯಾಗುವುದು ನಿಂತಿತು. ಎಲ್ಲರಿಗೂ ಹೀಗೇ ಅಂತ ಅವರೂ ಹೇಳಲಿಲ್ಲ, ನಾನೂ ಹೇಳುವುದಿಲ್ಲ. ಪಕ್ಕದ ಲೇನಿನ ಹುಡುಗನ ಕೈ ಸಹಜವಾಗಿಯೇ ನೇರ ನಿಲ್ಲುತ್ತದೆ, ಅವನಿಗೆ ಪೂರ್ತಿ ಚಾಚಿಸಿಯೇ ಹೊಡೆಸುತ್ತಾರೆ. ನೋವು ಎರಡು ವಾರದಲ್ಲಿ ಇಳಿಯಿತು, ನಡುವೆ ಆರು ದಿನ ಪಿಸ್ತೂಲು ಮುಟ್ಟಲು ಬಿಡಲಿಲ್ಲ.

ಇದೆಲ್ಲ ಯಾಕೆ ಅಂತ ಕೇಳಿದೆ. ಟೀಚರ್ ಬುದ್ಧಿ, ಕಾರಣ ಇಲ್ಲದೆ ಸೂತ್ರ ಒಪ್ಪುವುದಿಲ್ಲ. ಗುರಿ ನೋಡಲು ಪಿಸ್ತೂಲಿನ ಮೇಲೆ ಹಿಂದೊಂದು ಮುಂದೊಂದು ಸೈಟು ಇರುತ್ತದೆ, ಅವರು ಆ ಎರಡರ ನಡುವಿನ ದೂರ ಅಳೆದುಕೋ ಅಂದರು, ಉಳಿದದ್ದು ನಾನೇ ಲೆಕ್ಕ ಹಾಕಿದೆ. ಹಿಂದಿನ ಸೈಟಿನಿಂದ ಮುಂದಿನ ಸೈಟಿಗೆ ಸುಮಾರು 36 ಸೆಂಟಿಮೀಟರ್. ಕೀಲು ಸಡಿಲಾಗಿ ಮುಂದಿನ ಸೈಟು ಹಿಂದಿನದಕ್ಕಿಂತ ಒಂದೇ ಒಂದು ಮಿಲಿಮೀಟರ್ ತಗ್ಗಿತು ಅನ್ನಿ. ಸಮರೂಪ ತ್ರಿಭುಜ, ಹೈಸ್ಕೂಲು ಮಕ್ಕಳೂ ಮಾಡುವ ಲೆಕ್ಕ: ಹತ್ತು ಮೀಟರ್ ಆಚೆ ಅದು 28 ಮಿಲಿಮೀಟರ್ ಆಗುತ್ತದೆ. ಹತ್ತರ ವೃತ್ತದ ವ್ಯಾಸ 11.5 ಮಿ.ಮೀ., ಅಂಗಿಯ ಗುಂಡಿಯಷ್ಟು. ಒಂದೊಂದು ಅಂಕ ಇಳಿಯಲು 8 ಮಿ.ಮೀ. ಸಾಕು. ಅಂದರೆ ಒಂದು ಮಿಲಿಮೀಟರ್ ಓರೆಗೆ ಹತ್ತು ಹೋಗಿ ಏಳು. ಅದೇ, ಎರಡೂ ಸೈಟು ಸಮನಾಗಿದ್ದು ಇಡೀ ಪಿಸ್ತೂಲೇ ಐದು ಮಿಲಿಮೀಟರ್ ಮೇಲೋ ಕೆಳಗೋ ತೇಲಿದ್ದರೆ ಗುಂಡೂ ಐದೇ ಮಿಲಿಮೀಟರ್ ತಪ್ಪುತ್ತದೆ, ಹತ್ತೇ ಬರುತ್ತದೆ. ಕೈ ನಡುಗುವುದಕ್ಕೆ ಹೆದರಬೇಕಿಲ್ಲ, ನಡುವೆ ಮುರಿಯುವುದಕ್ಕೆ ಹೆದರಬೇಕು. ಕೈವಾರದ ತಿರುಪು ಸಡಿಲಾದರೆ ವೃತ್ತದ ಎರಡು ತುದಿ ಕೂಡುವುದಿಲ್ಲವಲ್ಲ, ಹಾಗೆ. ನನ್ನ ಮೊಣಕೈ ಆ ತಿರುಪು. ಅದು ಎಷ್ಟು ಬಿಗಿ ಅನ್ನುವುದಕ್ಕಿಂತ ಪ್ರತಿ ಸಲವೂ ಅಷ್ಟೇ ಬಿಗಿ ಇದೆಯೇ ಅನ್ನುವುದು ಮುಖ್ಯ.

ನಂಬಿಕೆ ಬರಲು ಹಳೆಯ ಕಾರ್ಡುಗಳನ್ನು ಮನೆಯಲ್ಲಿ ಹರಡಿಕೊಂಡು ಅಳೆದೆ. ಮೊದಲ ತಿಂಗಳಿನವು ಎಲ್ಲ ಮೇಲೆ ಕೆಳಗೆ ಚೆಲ್ಲಿದ್ದವು, ಅಡ್ಡಕ್ಕೆ ಹೆಚ್ಚು ಹರಡಿರಲಿಲ್ಲ. ಹತ್ತು ಗುಂಡಿಗೆ ನನ್ನ ಮೊದಲ ಲೆಕ್ಕ 61, ಮೂರನೇ ತಿಂಗಳ ಒಳ್ಳೆಯ ದಿನ 87.

ಮಣಿಕಟ್ಟಿಗೆ ಏನಾದರೂ ಪಟ್ಟಿ ಸುತ್ತಿಕೊಳ್ಳಬಹುದಲ್ಲ ಅಂತ ಕೇಳಿ ನೋಡಿದೆ. ಈ ಆಟದ ನಿಯಮದಲ್ಲಿ ಅದಕ್ಕೆ ಜಾಗವಿಲ್ಲ. ಗ್ರಿಪ್ಪು, ಅಂದರೆ ಪಿಸ್ತೂಲಿನ ಹಿಡಿ, ಅಂಗೈಗೆ ಒತ್ತಿ ಕೂರಬಹುದು, ಮಣಿಕಟ್ಟಿಗೆ ಆಸರೆ ಕೊಡುವಂತಿಲ್ಲ. ಪಿಸ್ತೂಲು ಹಿಡಿದ ಕೈಗೆ ವಾಚು, ಕಡಗ ಯಾವುದೂ ಕೂಡದು. ಹಾಗಾಗಿ ಬಲಗೈ ಬಳೆ ತೆಗೆದಿಡಬೇಕು. ಅತ್ತೆಗೆ ಇನ್ನೂ ಹೇಳಿಲ್ಲ.

ಅವರು ಕಲಿಸಿದ್ದರಲ್ಲಿ ಇನ್ನೊಂದು ದುಡ್ಡಿಗೆ ತಕ್ಕ ಪಾಠ: ಕಣ್ಣು ಮುಚ್ಚಿ ಕೈ ಎತ್ತಿ ನಿಲ್ಲುವುದು. ಎರಡು ಉಸಿರು ಬಿಟ್ಟು ಕಣ್ಣು ತೆರೆದರೆ ಪಿಸ್ತೂಲು ಗುರಿಯ ಎಡಕ್ಕಿದೆ. ತೋಳನ್ನು ಬಲಕ್ಕೆ ಎಳೆಯಲು ಹೋದೆ, ಬೈಸಿಕೊಂಡೆ. ಎಳೆದು ತಂದ ತೋಳು ಟ್ರಿಗರ್ ಒತ್ತುವ ಹೊತ್ತಿಗೆ ತನ್ನ ಜಾಗಕ್ಕೇ ವಾಪಸ್ ಹೋಗುತ್ತದಂತೆ. ಸರಿಸಬೇಕಾದ್ದು ಹಿಂದಿನ ಪಾದ. ಒಂದು ಅಂಗುಲ ಸರಿಸಿದೆ, ಪಿಸ್ತೂಲು ತಾನಾಗಿ ಕಪ್ಪು ವೃತ್ತದ ಕೆಳಗೆ ಬಂದು ಕೂತಿತು. ಎಡಗೈ ಪ್ಯಾಂಟಿನ ಜೇಬಿಗೆ. ಪ್ಯಾರಿಸ್‌ನಲ್ಲಿ ತುರ್ಕಿಯ ಯೂಸುಫ್ ಡಿಕೆಚ್ ಜೇಬಿಗೆ ಕೈ ಹಾಕಿ ನಿಂತು ಮಿಕ್ಸೆಡ್ ಟೀಮ್ ಬೆಳ್ಳಿ ಗೆದ್ದಾಗ ಸ್ಟೈಲು ಅಂದುಕೊಂಡಿದ್ದೆ. ಅಲ್ಲ, ಸುಮ್ಮನೆ ಜೋತಾಡುವ ಕೈ ಭುಜವನ್ನು ಎಳೆದಾಡುತ್ತದೆ. ನಾನು ಚೂಡಿದಾರದಲ್ಲಿ ಹೋಗುತ್ತಿದ್ದವಳು ಜೇಬಿಗಾಗಿಯೇ ಎರಡು ಪ್ಯಾಂಟು ಹೊಲಿಸಿಕೊಂಡೆ.

ಮಗಳು ಫೋನಿನಲ್ಲಿ, "ಅಮ್ಮ, ಪೊಲೀಸರು ಎರಡು ಕೈಲಿ ಹಿಡೀತಾರಲ್ಲ, ಅವರ ಮೊಣಕೈ?" ಅಂತ ಕೇಳಿದಳು. ಹಿರಿಯ ಕೋಚ್ ಸರ್‌ಗೆ ದಾಟಿಸಿದೆ. ಮದ್ದಿನ ಪಿಸ್ತೂಲು ಹಿಂದಕ್ಕೆ ಒದೆಯುತ್ತದೆ, ಅಲ್ಲಿ ಮೊಣಕೈಯನ್ನು ಕಡ್ಡಿಯಂತೆ ಬಿಗಿದರೆ ಒದೆತ ನೇರ ಭುಜಕ್ಕೆ ಬರುತ್ತದೆ, ಅದಕ್ಕೇ ತುಸು ಮಡಿಸಿಕೊಳ್ಳುವವರೇ ಹೆಚ್ಚು ಅಂದರು. 1950ರ ದಶಕದಲ್ಲಿ ಲಾಸ್ ಏಂಜಲೀಸ್‌ನ ಜ್ಯಾಕ್ ವೀವರ್ ಎಂಬ ಡೆಪ್ಯುಟಿ ಶೆರಿಫ್ ರೂಢಿಗೆ ತಂದ ನಿಲುವೊಂದಿದೆ: ಹೊಡೆಯುವ ಕೈ ಮುಂದಕ್ಕೆ ತಳ್ಳುತ್ತದೆ, ಆಸರೆಯ ಕೈ ಮೊಣಕೈ ಕೆಳಕ್ಕೆ ಮಡಿಸಿ ಹಿಂದಕ್ಕೆ ಎಳೆಯುತ್ತದೆ. ಇನ್ನೊಂದರಲ್ಲಿ ಎರಡೂ ತೋಳು ಸಮ ಉದ್ದಕ್ಕೆ ಚಾಚಿರುತ್ತವೆ, ಅದರ ಹೆಸರು ಐಸಾಸಿಲೀಸ್. ಇಪ್ಪತ್ತಾರು ವರ್ಷ ಸಮದ್ವಿಬಾಹು ತ್ರಿಭುಜ ಬರೆಸಿದವಳಿಗೆ ಅವತ್ತು ಆದ ಖುಷಿ ಹೇಳತೀರದು. ಕೊಡಗಿನ ಕೈಲ್‌ಪೊಳ್ದು ಹಬ್ಬದಲ್ಲಿ ತೆಂಗಿನಕಾಯಿಗೆ ಗುಂಡು ಹೊಡೆಯುವ ಕತೆಯನ್ನೂ ಅವರು ಹೇಳಿದರು, ಅಲ್ಲಿ ಕೋವಿ, ಎರಡು ಕೈ, ಆಮೇಲೆ ಊಟ. ನಮ್ಮ ಏರ್ ಪಿಸ್ತೂಲಿನಲ್ಲಿ ಒದೆತ ಇಲ್ಲವೇ ಇಲ್ಲ ಅನ್ನಬಹುದು, ಹಾಗಾಗಿ ಆ ಪಾಠ ಇಲ್ಲಿ ಬೇಕಿಲ್ಲ.

ಈಗ ಬೈಗುಳ.

ರೇಂಜಿನ ಪಿಸ್ತೂಲುಗಳ ಗ್ರಿಪ್ಪು ಎಲ್ಲ ದೊಡ್ಡ ಅಂಗೈಗೆ ಮಾಡಿದವು. ನನ್ನ ಕೈ ಅದರೊಳಗೆ ಅಲ್ಲಾಡುತ್ತದೆ. ಅಂಗೈ ಕೆಳಗಿನ ಹಲಗೆಯನ್ನು ಮೇಲಕ್ಕೆ ಸರಿಸಿ ಬಿಗಿ ಮಾಡಿಕೊಳ್ಳಬಹುದು, ಆದರೆ ಮುಂದಿನ ಬ್ಯಾಚಿನವರು ಬಂದು ಸಡಿಲಿಸುತ್ತಾರೆ, ಮತ್ತೆ ಬಿಗಿ ಮಾಡಲು ಅಲೆನ್ ಕೀ ಹುಡುಕಬೇಕು, ಅದು ಯಾವತ್ತೂ ಕೌಂಟರಿನ ಹುಡುಗನ ಜೇಬಿನಲ್ಲಿ. ಗ್ರಿಪ್ಪು ಸಡಿಲಿದ್ದರೆ ಬೆರಳು ಹಿಂಡುತ್ತವೆ, ಬೆರಳು ಹಿಂಡಿದರೆ ಮುಂಗೈ ಬಿಗಿಯುತ್ತದೆ, ಮೊಣಕೈ ತಾನಾಗಿ ಮಡಿಯುತ್ತದೆ. ಮೂರು ವಾರ ಕಷ್ಟಪಟ್ಟು ಕೂರಿಸಿದ್ದನ್ನು ಒಂದು ತಿರುಪು ಕೆಡಿಸುತ್ತದೆ. ಗಾಳಿ ತುಂಬುವ ದೊಡ್ಡ ಸಿಲಿಂಡರು ತಿಂಗಳಿಗೆ ಎರಡು ಸಲವಾದರೂ ಖಾಲಿ, ಅವತ್ತು ಗುಂಡಿಲ್ಲದೆ ಬರೀ ಡ್ರೈ ಫೈರ್. (ಅದರಿಂದ ನನಗೆ ಒಳ್ಳೆಯದೇ ಆಯಿತು, ಆದರೂ ಕಟ್ಟಿದ್ದು ಗುಂಡಿಗೂ ಸೇರಿಸಿ.) ನಾಲ್ಕನೇ ಲೇನಿನ ಟ್ಯೂಬ್‌ಲೈಟು ಮಿಣಮಿಣ ಅನ್ನುತ್ತದೆ. ಹೆಂಗಸರ ಟಾಯ್ಲೆಟ್ಟಿನ ಕೆಟ್ಟ ಚಿಲಕ ಮೂರು ತಿಂಗಳಿಂದ ಹಾಗೇ ಇದೆ.

ಗೋಡೆಯ ಮೇಲೆ ಮಾತ್ರ ಒಳ್ಳೆಯ ಫೋಟೋಗಳಿವೆ. 2014ರ ಗ್ಲ್ಯಾಸ್ಗೋ ಕಾಮನ್‌ವೆಲ್ತ್‌ನಲ್ಲಿ ಬೆಳ್ಳಿ ಗೆದ್ದ ಬೆಂಗಳೂರಿನ ಪ್ರಕಾಶ್ ನಂಜಪ್ಪ, 2023ರಲ್ಲಿ ಬಾಕು ವಿಶ್ವಕಪ್ಪಿನಲ್ಲಿ ಸರಬ್‌ಜೋತ್ ಸಿಂಗ್ ಜೊತೆ ಮಿಕ್ಸೆಡ್ ಟೀಮ್ ಚಿನ್ನ ಗೆದ್ದ ನಮ್ಮ ದಿವ್ಯಾ ಟಿ.ಎಸ್. ಕಾಯುವ ಹೊತ್ತಿನಲ್ಲಿ ನಾನು ಅವರ ಮುಖ ಬಿಟ್ಟು ಮೊಣಕೈ ನೋಡುತ್ತ ಕೂರುತ್ತಿದ್ದೆ.

ಕೊನೆಯ ಭಾನುವಾರ ಒಳಗಿನವರಿಗೇ ಒಂದು ಮ್ಯಾಚು ಇಟ್ಟಿದ್ದರು. ನಿಯಮದ ಪ್ರಕಾರವೇ 60 ಗುಂಡು. ನನ್ನ ಹತ್ತು ಹತ್ತರ ಲೆಕ್ಕ: 84, 85, 81, 82, 76, 71. ಒಟ್ಟು 479. ನಲವತ್ತರವರೆಗೆ ಸರಿಯಾಗಿದ್ದದ್ದು ಆಮೇಲೆ ಯಾಕೆ ಕುಸಿಯಿತು ಅಂತ ಯಾರನ್ನೂ ಕೇಳಬೇಕಾಗಿರಲಿಲ್ಲ, ಕಾರ್ಡಿನಲ್ಲಿ ತೂತುಗಳು ಮತ್ತೆ ಮೇಲೆ ಕೆಳಗೆ ಸಾಲುಗಟ್ಟಿದ್ದವು. ಕೈ ಚಾಚಿಕೊಂಡೇ ಗುರಿ ಕಾಯುತ್ತ ನಿಲ್ಲುವುದು ನನ್ನ ಚಾಳಿ. ಹತ್ತು ಸೆಕೆಂಡಿನಲ್ಲಿ ಬರಲಿಲ್ಲವೆಂದರೆ ಕೈ ಇಳಿಸಿ ಮೇಜಿನ ಮೇಲೆ ಪಿಸ್ತೂಲಿಟ್ಟು ಉಸಿರಾಡು ಅಂತ ಸರ್ ನೂರು ಸಲ ಹೇಳಿದ್ದಾರೆ. ಮಕ್ಕಳಿಗೆ ಪರೀಕ್ಷೆಯಲ್ಲಿ ಬಾರದ ಲೆಕ್ಕ ಬಿಟ್ಟು ಮುಂದೆ ಹೋಗಿ ಅಂತ ಹೇಳುವವಳು ನಾನೇ.

ಮುಂದಿನ ಮೂರು ತಿಂಗಳಿಗೆ ಮತ್ತೆ ಕಟ್ಟಿದ್ದೇನೆ, ಈ ಸಲ ರಸೀತಿಯ ಹಿಂಬದಿ ಓದಿ. ಸೇರುವವರು ಮಂಗಳ, ಗುರು, ಶನಿ ಸಂಜೆಯ ಬ್ಯಾಚೇ ಬೇಕು ಅಂತ ಕೇಳಿ, ಭರ್ತಿ ಅಂದರೆ ಕಾಯಿರಿ. ನಾಲ್ಕನೇ ಲೇನ್ ಬೇಡ. ಅಲೆನ್ ಕೀ ಒಂದನ್ನು ಹಾರ್ಡ್‌ವೇರ್ ಅಂಗಡಿಯಿಂದ ನೀವೇ ತಂದಿಟ್ಟುಕೊಳ್ಳಿ. ಐದಕ್ಕೆ ಮೂರೂವರೆ ಕೊಡುತ್ತೇನೆ, ಅದರಲ್ಲಿ ಮೂರು ಹಿರಿಯ ಕೋಚ್‌ಗೆ. ಎಡಚರಾದರೆ ಒಂದೇ, ಯಾಕೆಂದರೆ ಇಡೀ ರೇಂಜಿನಲ್ಲಿ ಎಡಗೈ ಗ್ರಿಪ್ಪು ಒಂದೂ ಇಲ್ಲ.