ಎನ್‌ಬಿಎ ಫೈನಲ್ಸ್: 2013 ನೋಡಬೇಕಾ, 2016 ನೋಡಬೇಕಾ?

ಎನ್‌ಬಿಎ ಅಂದರೆ ಅಮೆರಿಕದ ಬ್ಯಾಸ್ಕೆಟ್‌ಬಾಲ್ ಲೀಗ್; ಅದರ ಫೈನಲ್ಸ್ ಒಂದೇ ಪಂದ್ಯವಲ್ಲ, ಏಳು ಪಂದ್ಯಗಳ ಸರಣಿ, ಮೊದಲು ನಾಲ್ಕು ಗೆದ್ದ ತಂಡಕ್ಕೆ ಟ್ರೋಫಿ. ಹಳೆಯ ಫೈನಲ್ಸ್‌ನಲ್ಲಿ ಒಂದನ್ನೇ ನೋಡಲು ಬಿಡುವಿದ್ದರೆ, ಬಹಳ ಜನ 2016ರದ್ದನ್ನೇ ಹೇಳುತ್ತಾರೆ. ಕಥೆ ಹಾಗಿದೆ. ಲೀಗ್ ಹಂತದಲ್ಲಿ 73 ಪಂದ್ಯ ಗೆದ್ದಿದ್ದ ಗೋಲ್ಡನ್ ಸ್ಟೇಟ್ ವಾರಿಯರ್ಸ್ 3-1ರಿಂದ ಮುಂದಿತ್ತು. ಅಲ್ಲಿಂದ ಕ್ಲೀವ್‌ಲ್ಯಾಂಡ್ ಕ್ಯಾವಲಿಯರ್ಸ್ ಸತತ ಮೂರು ಪಂದ್ಯ ಗೆದ್ದು ಟ್ರೋಫಿ ಎತ್ತಿತು. ಆದರೆ ಒಂದು ಮಾತು: ಮೊದಲ ಆರೂ ಪಂದ್ಯಗಳ ಅಂತರ ಹತ್ತಕ್ಕಿಂತ ಜಾಸ್ತಿ. ಕೊನೆಯ ಕ್ಷಣದ ಪೈಪೋಟಿ ಏಳನೆಯದರಲ್ಲಿ ಮಾತ್ರ. ಕ್ಲೀವ್‌ಲ್ಯಾಂಡ್‌ನ ಲೆಬ್ರಾನ್ ಹಿಂದಿನಿಂದ ಓಡಿಬಂದು ವಾರಿಯರ್ಸ್‌ನ ಇಗ್ವಾಡಾಲಾ ಎಸೆತ ತಡೆದದ್ದು, ಲೆಬ್ರಾನ್ ಜೊತೆಗಾರ ಕೈರಿ ಇರ್ವಿಂಗ್ ಹೊಡೆದ ಮೂರು ಅಂಕದ ಎಸೆತ, 93-89. ಸುಮ್ನೆ ಅದೊಂದನ್ನೇ ನೋಡಿದರೂ ನಡೆಯುತ್ತದೆ.

2013ರಲ್ಲೂ ಮಧ್ಯದ ಪಂದ್ಯಗಳು ಏಕಪಕ್ಷೀಯವೇ. ಆದರೂ ನನ್ನ ಓಟು ಅದಕ್ಕೇ, ಆರನೇ ಪಂದ್ಯಕ್ಕಾಗಿ. 28 ಸೆಕೆಂಡು ಬಾಕಿ, ಮಯಾಮಿ ಹೀಟ್‌ಗಿಂತ ಸ್ಯಾನ್ ಆಂಟೋನಿಯೊ ಸ್ಪರ್ಸ್ ಐದು ಅಂಕ ಮುಂದೆ. ಕಪ್ ಕೊಡುವುದಕ್ಕೆ ಅಂಕಣದ ಸುತ್ತ ಹಳದಿ ಹಗ್ಗ ಎಳೆಯಲು ಶುರು ಮಾಡಿದ್ದರು. ಮಯಾಮಿ ಅಭಿಮಾನಿಗಳು ಕೆಲವರು ಎದ್ದು ಹೊರಟೇಬಿಟ್ಟರು, ಪಾಪ! ಸ್ಪರ್ಸ್ ಕೋಚ್ ಪೊಪೊವಿಚ್ ಎತ್ತರದ ಡಂಕನ್‌ನನ್ನು ಬೆಂಚಿಗೆ ಕಳಿಸಿದ್ದರು. ಅಂತರ ಮೂರಕ್ಕೆ ಇಳಿದಿದ್ದಾಗ, ಆಗ ಮಯಾಮಿಯಲ್ಲಿದ್ದ ಲೆಬ್ರಾನ್ ಎಸೆತ ತಪ್ಪಿತು, ರಿಬೌಂಡ್ (ತಪ್ಪಿ ಪುಟಿದು ಬಂದ ಚೆಂಡು) ಅವರದೇ ತಂಡದ ಬಾಷ್ ಕೈಸೇರಿತು. ಮಯಾಮಿಯ ರೇ ಆಲನ್ ನೋಡದೆಯೇ ಹಿಂದೆ ಹೆಜ್ಜೆಯಿಟ್ಟು ಮೂಲೆಗೆ ಸರಿದು ಮೂರು ಅಂಕದ ಎಸೆತ ಹೊಡೆದ. 5.2 ಸೆಕೆಂಡು ಉಳಿದಿತ್ತು, 95-95. ಹೆಚ್ಚುವರಿ ಅವಧಿಯಲ್ಲಿ ಮಯಾಮಿ ಹೀಟ್ 103-100ರಿಂದ ಗೆದ್ದಿತು, ಏಳನೆಯದನ್ನೂ ಬಿಡಲಿಲ್ಲ.

ಆಟಕ್ಕೆ ಹೊಸಬರಾದರೆ 2016ರಿಂದ ಶುರುಮಾಡಿ, ಕಥೆ ಬೇಗ ಹಿಡಿಯುತ್ತದೆ. ಕೋಚ್‌ಗಳ ಲೆಕ್ಕಾಚಾರ ಇಷ್ಟವಾದರೆ ನೇರವಾಗಿ 2013ಕ್ಕೆ ಹೋಗಿ.