ಪೆಟ್ಟಿಗೆಯ ಮೇಲಿನ ನಾಲ್ಕು ಲಕ್ಷ ಲೀಟರ್

2019ರ ಆಗಸ್ಟಿನಲ್ಲಿ ಮಲಪ್ರಭೆ ಉಕ್ಕಿ ಹರಿದಾಗ, ನರಗುಂದ ತಾಲ್ಲೂಕಿನ ಶಾಲೆಯೊಂದರಲ್ಲಿ ಆಶ್ರಯ ಪಡೆದಿದ್ದ ಸುಮಾರು 160 ಜನರಿಗೆ ಕುಡಿಯುವ ನೀರು ಒದಗಿಸುವ ಹೊಣೆಯನ್ನು ನಮ್ಮ ಗೆಳೆಯರ ಗುಂಪು ಹೊತ್ತುಕೊಂಡಿತ್ತು. ನಮ್ಮ ಬಳಿ ಇದ್ದದ್ದು ಬಕೆಟ್ಟಿಗೆ ಜೋಡಿಸುವ, ಅಂಗೈಯಷ್ಟು ಉದ್ದದ ಒಂದೇ ಒಂದು ಹಾಲೋ ಫೈಬರ್ ಫಿಲ್ಟರ್, ಅಂದರೆ ಸಣ್ಣ ರಂಧ್ರಗಳಿರುವ ಟೊಳ್ಳು ಎಳೆಗಳ ಮೂಲಕ ನೀರು ಸೋಸುವ ಸಾಧನ. ಅದರ ಪೆಟ್ಟಿಗೆಯ ಮೇಲೆ ನಾಲ್ಕು ಲಕ್ಷ ಲೀಟರ್ ಎಂದು ಅಚ್ಚಾಗಿತ್ತು. ಅಷ್ಟನ್ನೇ ಓದಿ, ಬೇರೇನೂ ಬೇಡವೆಂದು ಹೊರಡಿಸಿದವನು ನಾನೇ.

ಆ ಅಂಕಿ ಫಿಲ್ಟರಿನ ಒಟ್ಟು ಆಯುಷ್ಯದ್ದು, ಅದೂ ತಿಳಿನೀರು ಹಾಕಿ ಆಗಾಗ ತೊಳೆಯುತ್ತಿದ್ದರೆ ಮಾತ್ರ. ಗಂಟೆಗೆ 40 ಲೀಟರ್ ಎಂಬ ಮಾತು ಒಳಗಿನ ಚೀಟಿಯಲ್ಲಿ ಸಣ್ಣ ಅಕ್ಷರದಲ್ಲಿತ್ತು. ತಲೆಗೆ 3 ಲೀಟರಿನಂತೆ ಲೆಕ್ಕ ಹಾಕಿದರೂ ದಿನಕ್ಕೆ 480 ಲೀಟರ್ ಬೇಕು, ಅಂದರೆ ಎಡೆಬಿಡದೆ 12 ತಾಸು ಸೋಸಬೇಕು.

ಟ್ರ್ಯಾಕ್ಟರಿನಲ್ಲಿ ಬಂದದ್ದು ಎರೆಮಣ್ಣು ಕದಡಿದ, ಚಹಾದ ಬಣ್ಣದ ನೀರು. ಎರೆಮಣ್ಣಿನ ಕಣ ಎಷ್ಟು ಸಣ್ಣದೆಂದರೆ ಅದು ತಾನಾಗಿ ತಳ ಸೇರಲು ದಿನಗಟ್ಟಲೆ ಬೇಕು. ಮೊದಲ ಎರಡು ಕೊಡ ತುಂಬುವಷ್ಟರಲ್ಲಿ ಧಾರೆ ನೂಲಿನಷ್ಟಾಯಿತು, ಆಮೇಲೆ ಹನಿಯಾಯಿತು. ಜೊತೆಗೆ ಬಂದಿದ್ದ ಸಿರಿಂಜಿನಿಂದ ನೀರನ್ನು ಹಿಮ್ಮುಖವಾಗಿ ತಳ್ಳಿ ತೊಳೆಯಬಹುದಿತ್ತಾದರೂ ಅದಕ್ಕೂ ಸೋಸಿದ ನೀರೇ ಬೇಕಾದ್ದರಿಂದ, ಗಳಿಸಿದ್ದರಲ್ಲಿ ದೊಡ್ಡ ಪಾಲು ತೊಳೆಯುವುದಕ್ಕೇ ಹೋಯಿತು. ಸಂಜೆಯ ಹೊತ್ತಿಗೆ ಸಿಕ್ಕಿದ್ದು 60 ಲೀಟರ್. ಸಾಲಿನಲ್ಲಿ ನಿಂತು ಬೇಸತ್ತ ಮಕ್ಕಳು ಡ್ರಮ್ಮಿನ ನೀರನ್ನೇ ಬೊಗಸೆಯಲ್ಲಿ ಕುಡಿದರು. ಮರುದಿನ ಅವರಲ್ಲಿ ಐವರಿಗೆ ವಾಂತಿಭೇದಿ ಶುರುವಾಯಿತು.

ಮಕ್ಕಳನ್ನು ನೋಡಲು ಬಂದ ವೈದ್ಯರು ಕೇಳಿದ ಮೊದಲ ಪ್ರಶ್ನೆ ಕ್ಲೋರಿನ್ ಹಾಕಿದ್ದೀರಾ ಎಂಬುದು. ಹಾಕಿರಲಿಲ್ಲ. ಫಿಲ್ಟರಿನ 0.1 ಮೈಕ್ರಾನಿನ (ಮಿಲಿಮೀಟರಿನ ಹತ್ತು ಸಾವಿರದಲ್ಲೊಂದು ಪಾಲಿನ) ರಂಧ್ರ ಬ್ಯಾಕ್ಟೀರಿಯಾಗಳನ್ನು ತಡೆಯುತ್ತದೆ, ಆದರೆ ಹೆಪಟೈಟಿಸ್ ಎ, ರೋಟಾದಂಥ ವೈರಸ್‌ಗಳು ಅದಕ್ಕಿಂತ ಚಿಕ್ಕವು. ಹತ್ತಿಯ ಹೊಲದಿಂದ ಕರಗಿ ಬರುವ ಕೀಟನಾಶಕಕ್ಕಂತೂ ಅದು ತಡೆಯೇ ಅಲ್ಲ. ಇದೂ ಸಾಮರ್ಥ್ಯದ ಮಿತಿಯೇ, ಲೀಟರಿನಲ್ಲಿ ಅಳೆಯಲಾಗದ ಮಿತಿ.

ಆಮೇಲೆ ದಾರಿ ತೋರಿಸಿದವರು ಬಿಸಿಯೂಟದ ಅಡುಗೆಯವರು. ಪಟಿಕದ ಹರಳನ್ನು ನೀರಿನೊಳಗೆ ನಾಲ್ಕಾರು ಸುತ್ತು ತಿರುವಿ, ರಾತ್ರಿಯಿಡೀ ಅಲುಗಿಸದೆ ಬಿಟ್ಟು, ಬೆಳಿಗ್ಗೆ ಮೇಲಿನ ತಿಳಿಯನ್ನಷ್ಟೇ ನಾಲ್ಕು ಮಡಿಕೆಯ ಹತ್ತಿ ಸೀರೆಯಲ್ಲಿ ಸೋಸಿಕೊಟ್ಟರು. ಆ ನೀರಿಗೆ, ಪೊಟ್ಟಣದ ಮೇಲೆ ಬರೆದಿದ್ದಂತೆ 20 ಲೀಟರಿಗೊಂದು ಕ್ಲೋರಿನ್ ಗುಳಿಗೆ ಹಾಕಿ ಅರ್ಧ ತಾಸು ಕಾದೆವು. ಕೆಸರುನೀರಿಗೇ ಗುಳಿಗೆ ಹಾಕಿದ್ದರೆ ಕ್ಲೋರಿನ್ ಅದರಲ್ಲಿನ ಕೊಳೆಗೇ ಖರ್ಚಾಗಿ ಹೋಗುತ್ತಿತ್ತು. ಫಿಲ್ಟರನ್ನು ಅಂದಿನಿಂದ ಕೈಕೂಸುಗಳಿರುವ ಮನೆಯವರಿಗಷ್ಟೇ, ತಿಳಿಯಾದ ನೀರು ಹಾಕಿ ಬಳಸಿದೆವು. ಆಗ ಅದು ಚೀಟಿಯಲ್ಲಿ ಹೇಳಿದಷ್ಟೇ ನೀರು ಕೊಟ್ಟಿತು.