ಅರಮನೆಯ ಶೋಕ: 1861 ಮತ್ತು 1997
ಬ್ರಿಟನ್ನಿನ ರಾಜಶೋಕದ ಒಂದು ಪ್ರಸಂಗವನ್ನಷ್ಟೇ ಅಧ್ಯಯನಕ್ಕೆ ಆರಿಸಿಕೊಳ್ಳುವುದಾದರೆ, ದೀರ್ಘಕಾಲದ ರಾಜಕೀಯ ಪರಿಣಾಮವನ್ನು ಅರಿಯಬಯಸುವವರಿಗೆ 1861 ಸೂಕ್ತ. ಪತಿ ಆಲ್ಬರ್ಟ್ ತೀರಿಕೊಂಡ ಮೇಲೆ ವಿಕ್ಟೋರಿಯಾ ವರ್ಷಗಟ್ಟಲೆ ಜನರಿಂದ ದೂರ ಉಳಿದರು, ರಾಜಪ್ರಭುತ್ವವೇ ಬೇಡವೆನ್ನುವ ಗಣರಾಜ್ಯವಾದಿಗಳ ದನಿ ಬಲಗೊಂಡಿತು. ಮಾಧ್ಯಮದ ಒತ್ತಡವನ್ನು ಅರಿಯಲು 1997 ಮೇಲು. ನನ್ನ ಆಯ್ಕೆಯೂ ಅದೇ. ಯುವರಾಜ ಚಾರ್ಲ್ಸ್‌ರ ಮಾಜಿ ಪತ್ನಿ ಡಯಾನಾ ಮೃತಪಟ್ಟಾಗ ಎರಡನೇ ಎಲಿಜಬೆತ್, ತಾಯಿಯನ್ನು ಕಳೆದುಕೊಂಡ 15 ಮತ್ತು 12 ವರ್ಷದ ಮೊಮ್ಮಕ್ಕಳೊಂದಿಗೆ ಸ್ಕಾಟ್ಲೆಂಡಿನ ತಮ್ಮ ನಿವಾಸ ಬಾಲ್ಮೋರಲ್‌ನಲ್ಲೇ ಉಳಿದರು (ಅಜ್ಜಿಯಾಗಿ ಅದು ತಪ್ಪೆನ್ನಲಾಗದು). ಆದರೆ ರಾಣಿ ಇಲ್ಲದಾಗ ಧ್ವಜವೇರಿಸದ ಅಂದಿನ ಸಂಪ್ರದಾಯದಿಂದಾಗಿ ಬರಿದಾಗಿದ್ದ ಬಕಿಂಗ್‌ಹ್ಯಾಮ್ ಅರಮನೆಯ ಧ್ವಜಸ್ತಂಭ ಜನರ ಕಣ್ಣಿಗೆ ನಿರ್ಲಕ್ಷ್ಯವಾಗಿ ಕಂಡಿತು. ಸೆಪ್ಟೆಂಬರ್ 5ರಂದು ಅವರು ಲಂಡನ್ನಿಗೆ ಮರಳಿ ದೂರದರ್ಶನದ ನೇರಪ್ರಸಾರದಲ್ಲಿ ಮಾತನಾಡಿದರು. ಮರುದಿನ, ಅಂತ್ಯಕ್ರಿಯೆಯಂದು, ಆ ಸ್ತಂಭದಲ್ಲಿ ಬ್ರಿಟನ್ನಿನ ರಾಷ್ಟ್ರಧ್ವಜ ಯೂನಿಯನ್ ಜ್ಯಾಕ್ ಅರ್ಧಮಟ್ಟದಲ್ಲಿ ಹಾರಿತು.